ಕುಂಬಳಕಾಯಿಗೆ ಮೊದಲ ಚಾಕು

ಇಡೀ ಸಿಹಿಕುಂಬಳಕಾಯಿ ಬೇಕು ಎಂದು ಕೇಳಿದರೆ ಈಗಿನ ತರಕಾರಿಯವರು ಹುಚ್ಚಿಯನ್ನು ನೋಡಿದ ಹಾಗೆ ನೋಡುತ್ತಾರೆ. ಯಲಹಂಕ ಹಳೇ ಊರಿನ ಮಾರ್ಕೆಟ್ಟಿನಲ್ಲಿ ಚನ್ನಪ್ಪ ಎಂಬಾತನಿದ್ದಾನೆ. ನಾನು ಅವನ ಹತ್ತಿರ ತರಕಾರಿ ಕೊಳ್ಳುವುದು ಇವತ್ತು ನಿನ್ನೆಯದಲ್ಲ. ಆ ಶನಿವಾರ ಅವನ ಮುಂದೆ ನಿಂತು, ಗುಂಡಗಿರಬೇಕು, ಗಟ್ಟಿಯಿರಬೇಕು, ತೊಟ್ಟು ಮುರಿದಿರಬಾರದು ಎಂದು ಒಂದೊಂದೇ ಕಾಯಿ ತಟ್ಟಿ ನೋಡುತ್ತಿದ್ದೆ.

"ಇಡೀದಾ ಅಕ್ಕಾ? ಇಬ್ರಿಗೆ ಇಡೀ ಕಾಯಿ ತಗೊಂಡೋಗಿ ಏನ್ ಮಾಡ್ತೀರ? ಒಂದು ಹೋಳು ಹಾಕ್ತೀನಿ ಬಿಡಿ," ಎಂದು ಅವನು ಚಾಕು ಎತ್ತಿಯೇಬಿಟ್ಟ.

"ಚಾಕು ಮುಟ್ಟಿಸ್ಬೇಡ ಚನ್ನಪ್ಪ! ಕುಯ್ಯೋಕೆ ನಮ್ಮನೇಲಿ ಗಂಡಸರಿದ್ದಾರೆ."

ನನ್ನ ದನಿ ಎಷ್ಟು ಜೋರಾಯಿತೆಂದರೆ ಪಕ್ಕದಲ್ಲಿ ಸೊಪ್ಪು ಆರಿಸುತ್ತಿದ್ದ ಹೆಂಗಸು ತಿರುಗಿ ನೋಡಿದಳು. ಚನ್ನಪ್ಪ ಚಾಕು ಕೆಳಗಿಟ್ಟು, "ತಪ್ಪಾಯ್ತಕ್ಕಾ, ಸಾರ್ ಅವ್ರೇ ಕುಯ್ಲಿ," ಎಂದು ಕಾಯಿಯನ್ನು ಚೀಲಕ್ಕೆ ಹಾಕಿಕೊಟ್ಟ.

ನಮ್ಮ ಕಡೆ ಹೆಂಗಸರು ಇಡೀ ಕುಂಬಳಕಾಯಿಗೆ ಚಾಕು ಹಾಕುವ ಹಾಗಿಲ್ಲ. ಮೊದಲ ಚಾಕು ಮನೆಯ ಗಂಡಸಿನದು. ಒಂದು ಗೆರೆಯಷ್ಟು ಕುಯ್ದು ಕೊಟ್ಟರೂ ಸಾಕು. ಆಮೇಲೆ ಹೋಳು ಮಾಡುವುದು, ಬೇಯಿಸುವುದು, ಬಡಿಸುವುದು, ಪಾತ್ರೆ ಉಜ್ಜುವುದು ಎಲ್ಲ ನಮ್ಮದೇ, ಅದಕ್ಕೆ ಯಾವ ಶಾಸ್ತ್ರವೂ ಅಡ್ಡ ಬರುವುದಿಲ್ಲ. ಯಾಕೆ ಹೀಗೆ ಎಂದು ಹೊಸದರಲ್ಲಿ ಅತ್ತೆಯನ್ನು ಕೇಳಿದ್ದೆ. ಕುಂಬಳಕಾಯಿ ಹಿರೀ ಮಗ ಇದ್ದ ಹಾಗೆ, ಹೆತ್ತವಳು ಕುಯ್ಯುತ್ತಾಳೇನೇ ಎಂದು ಗದರಿದ್ದರು. ಹಾಗಾದರೆ ಹುಟ್ಟಿಸಿದವನು ಕುಯ್ಯಬಹುದಾ ಎಂದು ಕೇಳಿದ್ದಕ್ಕೆ, ಬಾಯಿ ಮುಚ್ಚು ಅಂದಿದ್ದರು. ನಾನು ಹೈಸ್ಕೂಲಿನಲ್ಲಿ ಗಣಿತ ಹೇಳಿಕೊಟ್ಟವಳು, ಇಂಥದ್ದನ್ನೆಲ್ಲ ನಂಬುವುದಿಲ್ಲ. ಆದರೂ ಮದುವೆಯಾದಾಗಿನಿಂದ ಒಂದು ಸಲವೂ ಮೀರಿದವಳಲ್ಲ, ಯಾಕೆಂದರೆ ಅದು ಇವರಿಗೆ ಬಹಳ ಇಷ್ಟವಾದ ಆಟವಾಗಿತ್ತು.

ಇವರು ಅಂದರೆ ನನ್ನ ಗಂಡ ನಾಗಭೂಷಣ. ಟೆಲಿಫೋನ್ ಇಲಾಖೆಯಲ್ಲಿ ಲೈನ್‌ಮನ್ ಆಗಿದ್ದು ರಿಟೈರ್ ಆದವರು. ಮನೆಗೆ ಕುಂಬಳಕಾಯಿ ಬಂತೆಂದರೆ ಕೈ ತೊಳೆದುಕೊಂಡು, ತೋಳು ಮಡಚಿಕೊಂಡು, ಪೂರ್ವಕ್ಕೆ ಮುಖ ಮಾಡಿ ಕೂರುವರು. "ಸ್ವಲ್ಪ ದೂರ ನಿಂತ್ಕೋ ಶಾಂತಾ, ಯುದ್ಧ ಶುರುವಾಗುತ್ತೆ," ಎಂದು ಉಗುರಿನಷ್ಟು ಜಾಗದಲ್ಲಿ ಚಾಕು ಊರಿ ತೆಗೆದು, "ಅಡುಗೆ ಮುಗೀತು, ನೀನು ಬಡಿಸಿದ್ರಾಯ್ತು," ಎಂದು ಪೇಪರ್ ಹಿಡಿದು ಕೂತುಬಿಡುವರು. ಪ್ರತಿ ಸಲವೂ ಅದೇ ಮಾತು. ಪ್ರತಿ ಸಲವೂ ನಾನು ನಗುತ್ತಿದ್ದೆ, ನಗದಿದ್ದರೆ ಬೇಜಾರು ಮಾಡಿಕೊಳ್ಳುತ್ತಾರೆ ಎಂದು ಅಲ್ಲ, ನಿಜವಾಗಿ ನಗು ಬರುತ್ತಿತ್ತು.

ಈಗ ಇವರಿಗೆ ಮರೆವಿನ ಕಾಯಿಲೆ. ಆ ಭಾನುವಾರ ಇವರ ಕೈಯಲ್ಲಿ ಆ ಕಾಯಿ ಕುಯ್ಯಿಸಬೇಕಿತ್ತು. ಇವರು ಕುಯ್ದರೆ ಮನೆಯಲ್ಲೇ ಇರುತ್ತಾರೆ. ಕುಯ್ಯದಿದ್ದರೆ ಸೋಮವಾರ ಬೆಳಿಗ್ಗೆ ಇವರನ್ನು ಹುಣಸಮಾರನಹಳ್ಳಿಯಿಂದ ಒಳಗಿರುವ ಒಂದು ಆರೈಕೆ ಮನೆಗೆ ಸೇರಿಸುವುದು. ಹೀಗೆಂದು ನನಗೂ ನನ್ನ ಮಗಳಿಗೂ ಮಾತಾಗಿತ್ತು.

ನನ್ನ ಮಗಳು ಮಂಜುಶ್ರೀ ಕೆಟ್ಟವಳಲ್ಲ. ಇದನ್ನು ಮೊದಲೇ ಹೇಳಿಬಿಡುತ್ತೇನೆ, ಇಂಥ ಕಥೆ ಕೇಳುವವರು ಬೈಯಲು ಒಬ್ಬರನ್ನು ಹುಡುಕುತ್ತಿರುತ್ತಾರೆ. ಅವಳು ಹೆಬ್ಬಾಳದಲ್ಲಿದ್ದಾಳೆ, ಬ್ಯಾಂಕಿನಲ್ಲಿ ಕೆಲಸ. ವಾರ ತಪ್ಪದೆ ಬರುತ್ತಾಳೆ, ಬಂದು ಅಪ್ಪನ ಉಗುರು ಕತ್ತರಿಸುತ್ತಾಳೆ, ನನ್ನನ್ನು ಒಂದು ಗಂಟೆ ಮಲಗಿಸುತ್ತಾಳೆ. ಇವರು ಮನೆ ಹುಡುಕಿಕೊಂಡು ಮನೆಯಿಂದಲೇ ಹೊರಟುಹೋಗುವುದು ಶುರುವಾದಾಗ ಆಫೀಸು ಬಿಟ್ಟು ಓಡಿ ಬಂದವಳು ಅವಳೇ. ಅಟ್ಟೂರಿನ ನಮ್ಮ ಬೀದಿಯಿಂದ ಮದರ್ ಡೈರಿ ಸರ್ಕಲ್‌ವರೆಗೆ ಅಂಗಡಿ ಅಂಗಡಿಯಲ್ಲಿ ಫೋಟೋ ತೋರಿಸುತ್ತಾ ಹೋಗಿ, ಕೊನೆಗೆ ಒಂದು ಟೀ ಅಂಗಡಿಯ ಮುಂದೆ ಅಪ್ಪನನ್ನು ಹಿಡಿದು ತಂದಳು. ಆವತ್ತಿನಿಂದ ಗೇಟಿಗೆ ಬೀಗ. ನೋಡಿಕೊಳ್ಳಲು ಇಟ್ಟ ಇಬ್ಬರೂ ಬಿಟ್ಟುಹೋದರು.

ಅವಳು ಆರೈಕೆ ಮನೆಯ ಮಾತೆತ್ತಿದ್ದು ನನ್ನ ಮೊಣಕೈ ನೋಡಿದ ಮೇಲೆ. ಇವರಿಗೆ ಸ್ನಾನ ಮಾಡಿಸಲು ಹೋದಾಗ ತಳ್ಳಿದ್ದರು, ಮೊಣಕೈ ನಲ್ಲಿಗೆ ಬಡಿದು ಕಪ್ಪಾಗಿತ್ತು. ಅಂಗಿ ಗುಂಡಿಗೆ ಕೈ ಹಾಕಿದರೆ ಸಾಕು, ಇವರು ಎರಡೂ ಕೈಯಿಂದ ಎದೆ ಮುಚ್ಚಿಕೊಂಡು, "ನೀವು ಆಚೆ ಹೋಗಿ, ಆಚೆ ಹೋಗಿ ಮೊದ್ಲು," ಎಂದು ಕೂಗುತ್ತಿದ್ದರು.

"ಅಮ್ಮಾ, ಅಪ್ಪ ನಿನ್ನನ್ನ ನೀವು ಅಂತಾರಲ್ಲ, ಯಾವಾಗಿಂದ?" ಎಂದು ಮಂಜುಶ್ರೀ ಕೇಳಿದಳು.

"ಅದು ನಮ್ಮಿಬ್ಬರದು, ನಿನಗೆ ಗೊತ್ತಾಗಲ್ಲ."

ನಿಜವಾಗಿಯೂ ಅದು ನಮ್ಮಿಬ್ಬರದೇ. ನಮ್ಮ ಜಗಳದಲ್ಲಿ ಎಂದೂ ಕೂಗಾಟ ಇರಲಿಲ್ಲ. ಇವರಿಗೆ ಸಿಟ್ಟು ಬಂದರೆ 'ನೀನು' ಹೋಗಿ 'ನೀವು' ಬರುತ್ತಿತ್ತು. "ತಮ್ಮದು ಊಟ ಆಯ್ತೇನಮ್ಮಾ? ಲೈಟ್ ಆರಿಸಬಹುದಾ ಮೇಡಂ?" ಎಂದು ಇಡೀ ದಿನ ಮರ್ಯಾದೆ ಕೊಟ್ಟು ಕೊಲ್ಲುವರು. ನಾನೇ ಸೋತು ನಕ್ಕ ಮೇಲೆ, "ಬಾರೇ ಇಲ್ಲಿ," ಅನ್ನುವರು. ಹಾಗಾಗಿ ದೀಪಾವಳಿ ಕಳೆದ ಮೇಲೆ ಒಂದು ಬೆಳಿಗ್ಗೆ ಇವರು, "ನೀವು ಕಾಫಿ ಕುಡಿದ್ರಾ?" ಎಂದಾಗ ನನಗೆ ಗಾಬರಿಯಾಗಲಿಲ್ಲ. ಯಾವುದಕ್ಕೆ ಮುನಿಸಿಕೊಂಡರಪ್ಪಾ ಎಂದು ಯೋಚಿಸಿದೆ. ಇನ್ನೂ ನಾಚಿಕೆಯ ಮಾತೆಂದರೆ ನನಗೆ ಖುಷಿಯಾಯಿತು. ಹೆಸರು ಮರೆತರೂ, ಊಟ ಮಾಡಿದ್ದು ಮರೆತರೂ, ನನ್ನ ಜೊತೆ ಜಗಳ ಆಡುವುದನ್ನು ಮರೆತಿಲ್ಲವಲ್ಲ ಎಂದುಕೊಂಡೆ. ಆ ಜಗಳ ಮುಗಿಯಲೇ ಇಲ್ಲ. ನಾನು ಎಷ್ಟು ನಕ್ಕರೂ 'ಬಾರೇ' ಬರಲಿಲ್ಲ.

"ಅಪ್ಪಂಗೆ ನೀನು ಯಾರು ಅಂತ ಗೊತ್ತಿದ್ಯಾ? ಕೇಳಿದ್ದೀಯ?" ಎಂದಳು ಮಗಳು.

"ಗೊತ್ತಿಲ್ದೇ ಏನು? ನನ್ನನ್ನ ಗೊತ್ತಿರೋವರೆಗೂ ಇವರು ಎಲ್ಲಿಗೂ ಹೋಗಲ್ಲ."

"ಗೊತ್ತಿಲ್ಲ ಅಂತಾದ್ರೆ?"

ಕುಂಬಳಕಾಯಿ ಕಳ್ಳ ಅಂದರೆ ಹೆಗಲು ಮುಟ್ಟಿ ನೋಡಿಕೊಂಡ ಅನ್ನುತ್ತಾರಲ್ಲ, ಹಾಗೆ ನಾನು ರೇಗಿಬಿಟ್ಟೆ. ನನ್ನ ಗಂಡನ ವಿಷಯ ನನಗೆ ಹೇಳಿಕೊಡಬೇಡ ಎಂದು ಕೂಗಿದೆ. ಅವಳು ನನ್ನ ಮೊಣಕೈಗೆ ಮುಲಾಮು ಹಚ್ಚುತ್ತಾ ಕೂತಳು. ಗಂಡನ ಎದುರು ನಿಂತು ನಾನು ಯಾರು ಹೇಳಿ ಎಂದು ಕೇಳುವ ಧೈರ್ಯ ಯಾವ ಹೆಂಡತಿಗಿರುತ್ತದೆ? ನನಗಿರಲಿಲ್ಲ. ಅದಕ್ಕೇ ಕುಂಬಳಕಾಯಿಯ ಉಪಾಯ ಹೂಡಿದೆ. "ಭಾನುವಾರ ಬಾ, ಅನ್ನ ತುಂಬಿದ ಕುಂಬಳಕಾಯಿ ಮಾಡ್ತೀನಿ. ನಿಮ್ಮಪ್ಪ ಬೇರೆ ಮನೆ ಕಾಯಿಗೆ ಕೈ ಹಾಕೋರಲ್ಲ. ಅವ್ರು ಕುಯ್ದ್ರೆ ಇದು ಅವ್ರ ಮನೆ, ನಾನು ಅವ್ರ ಹೆಂಡ್ತಿ. ಕುಯ್ಲಿಲ್ಲ ಅಂದ್ರೆ ನೀನು ಹೇಳ್ದಂಗೆ," ಎಂದೆ.

ಬೇರೆ ಮನೆಯ ಕಾಯಿಗೆ ಕೈ ಹಾಕುವವರಲ್ಲ ಎಂದು ನಾನು ಸುಮ್ಮನೆ ಹೇಳಿದ್ದಲ್ಲ. ಮದುವೆಯಾದ ಹೊಸದರಲ್ಲಿ ನಾವು ಆರ್.ಟಿ. ನಗರದಲ್ಲಿ ಬಾಡಿಗೆಗಿದ್ದೆವು. ಪಕ್ಕದ ಮನೆ ಬದರುನ್ನೀಸಾಳದು. ಅವಳ ಗಂಡ ಮೊಯಿನುದ್ದೀನ್ ಲಾರಿ ಓಡಿಸುತ್ತಿದ್ದ, ಮನೆಯಲ್ಲಿರುವುದೇ ಅಪರೂಪ. ಕುಂಬಳಕಾಯಿಯ ತಲೆ ಹಾರಿಸಿ, ಒಳಗೆ ಅನ್ನ, ಕೀಮಾ ತುಂಬಿ ಬೇಯಿಸುವುದನ್ನು ನಾನು ಕಲಿತದ್ದು ಅವಳಿಂದ. ನಮ್ಮ ಶಾಸ್ತ್ರ ಕೇಳಿ ಅವಳು ಹೊಟ್ಟೆ ಹಿಡಿದುಕೊಂಡು ನಕ್ಕಿದ್ದಳು. "ಕದ್ದು ಕಾಟ್ನೇಕು ಮರದ್ ಕಾಯ್ಕು ಹೋನಾ?" ಕುಂಬಳಕಾಯಿ ಕುಯ್ಯುವುದಕ್ಕೆ ಗಂಡಸು ಯಾಕೆ ಬೇಕು ಎಂದು ಅವಳ ಪ್ರಶ್ನೆ. ಒಮ್ಮೆ ಬೇಕೆಂದೇ ಇವರ ಮುಂದೆ ಕಾಯಿ ತಂದಿಟ್ಟು, "ಭಾಯ್, ನಮ್ದೂ ಕುಯ್ದು ಕೊಡಿ," ಎಂದಳು. ಇವರು ಕಿವಿಯವರೆಗೂ ಕೆಂಪಾಗಿ, "ಮೊಯಿನುದ್ದೀನ್ ಬರ್ಲಿ ತಾಯಿ, ಅದು ಅವ್ನ ಕೆಲ್ಸ," ಎಂದು ಎದ್ದು ಹೋಗಿದ್ದರು. ಆಮೇಲೆ ವಾರಗಟ್ಟಲೆ ನಾವಿಬ್ಬರೂ ಅದನ್ನೇ ಹೇಳಿಕೊಂಡು ನಕ್ಕೆವು. ನಾನು ಕಲಿತ ಅಡುಗೆಯಲ್ಲಿ ಕೀಮಾದ ಜಾಗಕ್ಕೆ ಅವರೆಬೇಳೆ ಬಂತು. ಚಳಿಗಾಲದಲ್ಲಿ ಬೆಂಗಳೂರಿನವರು ಅವರೆ ಬಿಟ್ಟು ಬೇರೇನು ತಿನ್ನುತ್ತಾರೆ?

ಭಾನುವಾರ ಬೆಳಿಗ್ಗೆ ನೆನೆದು ಉಬ್ಬಿದ ಅವರೆಕಾಳಿನ ಪಾತ್ರೆ ಇವರ ಮುಂದಿಟ್ಟೆ. ಕಾಳನ್ನು ಬೆರಳ ತುದಿಯಲ್ಲಿ ಹಿತುಕಿದರೆ ಬೇಳೆ ಚಂಗನೆ ಹಾರುತ್ತದೆ, ಸಿಪ್ಪೆ ಕೈಯಲ್ಲಿ ಉಳಿಯುತ್ತದೆ. ಇವರ ಬೆರಳುಗಳಿಗೆ ಆ ಕೆಲಸ ಮರೆತಿರಲಿಲ್ಲ. ಪಟಪಟನೆ ಹಿತುಕುತ್ತಾ ಹೋದರು. ನಾನು ಒಳಗೆ ಈರುಳ್ಳಿ ಹೆಚ್ಚುತ್ತಾ ಆ ಸದ್ದು ಕೇಳಿಸಿಕೊಂಡು ಎಷ್ಟು ಹಗುರಾದೆನೆಂದರೆ ಹಾಡು ಗುನುಗಿದೆ. ಬಂದು ನೋಡಿದರೆ ಸಿಪ್ಪೆಯನ್ನೆಲ್ಲ ಒಪ್ಪವಾಗಿ ಪಾತ್ರೆಯಲ್ಲಿ ತುಂಬಿದ್ದಾರೆ. ಬೇಳೆ ನೆಲದ ಮೇಲಿದೆ, ಕುರ್ಚಿಯ ಕೆಳಗಿದೆ, ಚಪ್ಪಲಿಯ ಒಳಗಿದೆ.

"ಆಯ್ತು ನೋಡಿ. ನೀವು ಒಬ್ರೇ ಎಷ್ಟೂಂತ ಮಾಡ್ತೀರ," ಎಂದರು.

"ಥ್ಯಾಂಕ್ಸ್ ರೀ," ಎಂದು ಕೂತು ಬೇಳೆ ಆಯ್ದೆ. ಮಗಳು ಬರುವ ಮೊದಲು ಆಯ್ದು ಮುಗಿಸಬೇಕಿತ್ತು. ಮೊಣಕಾಲೂರಿ ಕುರ್ಚಿಯ ಕೆಳಗೆ ತಲೆ ಹಾಕಿದಾಗ ಅಳು ಬಂತು. ಇದು ನನ್ನ ಬದುಕಾ, ಕಳ್ಳಿಯ ಹಾಗೆ ನನ್ನ ಮನೆಯಲ್ಲೇ ಸಾಕ್ಷಿ ಅಳಿಸುತ್ತಾ ಕೂತಿದ್ದೇನಲ್ಲ ಅನ್ನಿಸಿತು. ಇವರು ಬಗ್ಗಿ, "ಏನಾದ್ರೂ ಕಳಕೊಂಡ್ರಾ?" ಎಂದು ಕೇಳಿದರು. ಇಲ್ಲ ಎಂದೆ.

ಬೇಳೆ ತೊಳೆದು ಅರೆಬೇಯಿಸಿದೆ. ಚಕ್ಕೆ, ಲವಂಗ, ಹಸಿಮೆಣಸಿನಕಾಯಿ, ಶುಂಠಿ, ಬೆಳ್ಳುಳ್ಳಿ ಜಜ್ಜಿ ಹಾಕಿ ಈರುಳ್ಳಿ ಬಾಡಿಸಿದೆ, ಒಂದು ಕಟ್ಟು ಸಬ್ಬಸಿಗೆ ಸೊಪ್ಪು ಸೇರಿಸಿದೆ. ಅಕ್ಕಿಯನ್ನು ಮುಕ್ಕಾಲು ಬೇಯಿಸಿ ಬಸಿದು, ಬೇಳೆ, ತೆಂಗಿನತುರಿ, ಉಪ್ಪು ಕಲಸಿಟ್ಟೆ. ಉಳಿದ ಕಾಲು ಭಾಗ ಕಾಯಿಯ ಒಳಗೆ ಹಬೆಯಲ್ಲಿ ಬೇಯಬೇಕು, ಆಗಲೇ ಕುಂಬಳದ ಸಿಹಿ ಅನ್ನಕ್ಕೆ ಇಳಿಯುವುದು. ಎಲ್ಲ ಸಿದ್ಧವಾಯಿತು. ಚಾಕು ಬೀಳುವುದೊಂದೇ ಬಾಕಿ.

ಮಂಜುಶ್ರೀ ಬಂದಳು. ನಡುಮನೆಯ ಟೀಪಾಯಿಯ ಮೇಲೆ ಪೇಪರ್ ಹಾಸಿ, ಮಣೆಯ ಮೇಲೆ ಕಾಯಿ ಇಟ್ಟು, ಪಕ್ಕದಲ್ಲಿ ದೊಡ್ಡ ಚಾಕು ಇಟ್ಟೆ. ಪೂರ್ವಕ್ಕೆ ಮುಖವಾಗುವ ಹಾಗೆ ಕುರ್ಚಿ ತಿರುಗಿಸಿದೆ. ಚಾಕುವನ್ನು ಎರಡು ಸಲ ಸರಿಸಿ ನೇರ ಮಾಡಿದೆ. ಪ್ರಶ್ನೆಪತ್ರಿಕೆ ಬರುವ ಮೊದಲು ಎಸ್ಸೆಸ್ಸೆಲ್ಸಿ ಹುಡುಗಿಯರು ಪೆನ್ನು, ಸ್ಕೇಲು ಹಾಗೆ ಜೋಡಿಸುತ್ತಲೇ ಇರುವುದನ್ನು ನೋಡಿ ಎಷ್ಟು ವರ್ಷ ಗದರಿದ್ದೆ.

"ರೀ, ಬನ್ನಿ. ಕಾಯಿ ಕುಯ್ದು ಕೊಡಿ."

ಇವರು ಕಾಯಿಯನ್ನು ನೋಡಿದರು. ಮುಖ ಅರಳಿತು. ನಾನು ಏನೂ ಹೇಳಿಕೊಡಲಿಲ್ಲ, ದೇವರಾಣೆಗೂ ಹೇಳಿಕೊಡಲಿಲ್ಲ. ಇವರೇ ಎದ್ದು ಹೋಗಿ ಕೈ ತೊಳೆದುಕೊಂಡು ಬಂದರು. ತೋಳು ಮಡಚಿಕೊಂಡರು. ಕೂತು ಚಾಕು ಎತ್ತಿ ಹೆಬ್ಬೆರಳಿನಲ್ಲಿ ಮೊನೆ ನೋಡಿದರು. ಕಾಯಿಯನ್ನು ತೊಟ್ಟು ತಮ್ಮ ಕಡೆ ಬರುವ ಹಾಗೆ ತಿರುಗಿಸಿದರು. ನಾನು ಮಗಳ ಕಡೆ ನೋಡಿದೆ, ನೋಡಿದೆಯಾ ಎನ್ನುವ ಹಾಗೆ. ಅವಳ ಕಣ್ಣು ತುಂಬಿತ್ತು. ಸೋತದ್ದಕ್ಕೆ ಅಷ್ಟು ಸಂತೋಷಪಟ್ಟವರನ್ನು ನಾನು ಕಂಡಿಲ್ಲ.

"ಒಳ್ಳೇ ಕಾಯಿ," ಎಂದು ಇವರು ಅದನ್ನು ತಟ್ಟಿದರು. ಆಮೇಲೆ ಚಾಕು ಹಿಡಿದೇ ಬಾಗಿಲ ಕಡೆ ನೋಡಿದರು. ನೋಡುತ್ತಲೇ ಇದ್ದರು.

"ಕುಯ್ಯಿರಿ," ಎಂದೆ.

"ಬರ್ತಾರಾ?"

"ಯಾರು?"

"ನಿಮ್ಮ ಯಜಮಾನ್ರು."

ಇವರು ಚಾಕುವನ್ನು ಮೆಲ್ಲಗೆ ಕೆಳಗಿಟ್ಟರು. ಹಿಡಿ ನನ್ನ ಕಡೆ ಬರುವ ಹಾಗೆ ತಿರುಗಿಸಿ ಇಟ್ಟರು. ನನಗೆ ಬೇಸರವಾಗಬಾರದೆಂದು ದನಿ ತಗ್ಗಿಸಿ ಹೇಳಿದರು. "ಮನೆ ಗಂಡಸ್ರು ಮಾಡೋ ಕೆಲ್ಸ ಅಮ್ಮಾ ಇದು. ನಾನು ಹೊರಗಿನವ್ನು. ನಾನು ಕುಯ್ದ್ರೆ ನಿಮಗೆ ಒಳ್ಳೇದಲ್ಲ. ಅವ್ರು ಬರ್ಲಿ, ಅವ್ರ ಕೈಲೇ ಕುಯ್ಯಿಸಿ."

"ಅಪ್ಪಾ..." ಎಂದಳು ಮಂಜುಶ್ರೀ.

"ಅವ್ರು ಮನೇಲಿಲ್ವಾ?" ಎಂದು ಇವರು ನನ್ನನ್ನೇ ಕೇಳಿದರು.

ನನ್ನ ಬಾಯಿಂದ, "ಇಲ್ಲ," ಎಂದು ಬಂತು.

ಇವರು ತಟ್ಟನೆ ಕುರ್ಚಿಯಿಂದ ಎದ್ದರು. ಊರ ಮನೆಗಳಲ್ಲೆಲ್ಲ ಟೆಲಿಫೋನ್ ರಿಪೇರಿ ಮಾಡಿದ ಮನುಷ್ಯ. ಗಂಡಸರಿಲ್ಲದ ಮನೆಯಲ್ಲಿ ಕುರ್ಚಿ ಮೇಲೆ ಕೂರುವವರಲ್ಲ, ಕಾಫಿ ಕೊಟ್ಟರೆ ಹೊಸ್ತಿಲಾಚೆ ನಿಂತು ಕುಡಿಯುವವರು. ನನಗೆ ಅದರ ಬಗ್ಗೆ ಎಷ್ಟು ಹೆಮ್ಮೆಯಿತ್ತೆಂದು ಹೇಳಿದರೆ ನೀವು ನಗುತ್ತೀರಿ.

"ಗೊತ್ತಿರ್ಲಿಲ್ಲ, ತಪ್ಪು ತಿಳ್ಕೋಬೇಡಿ. ನಾನು ಆಚೆ ಇರ್ತೀನಿ," ಎಂದು ವರಾಂಡಕ್ಕೆ ಹೊರಟರು.

ಮಗಳು ಹಿಂದೆ ಓಡಿ ಕೈ ಹಿಡಿದಳು. "ಅಪ್ಪಾ, ಎಲ್ಲಿಗೆ? ಇದು ನಿಮ್ಮನೇನೇ ಅಪ್ಪಾ. ಇವ್ರು ಯಾರು ನೋಡಿ."

ಬೇಡ ಎಂದು ನಾನು ಕೂಗುವಷ್ಟರಲ್ಲಿ ಇವರು ತಿರುಗಿ ನನ್ನನ್ನು ಪೂರ್ತಿ ನೋಡಿಬಿಟ್ಟರು. ಸಭ್ಯವಾದ ನೋಟ. ಮದುವೆ ಮನೆಯಲ್ಲಿ ಎದುರಾದ ದೂರದ ನೆಂಟರನ್ನು ನೋಡುತ್ತೇವಲ್ಲ, ಆ ಥರ.

"ಒಳ್ಳೇವ್ರು ಮಗು, ತುಂಬಾ ಒಳ್ಳೇವ್ರು. ದಿನಾ ಊಟ ಹಾಕ್ತಾರೆ. ಆದ್ರೆ ನಮ್ಮನೆ ಆರ್.ಟಿ. ನಗರ. ನಮ್ಮನೆಯವ್ಳು ಒಬ್ಳೇ ಇದ್ದಾಳೆ, ಶಾಂತಾ ಅಂತ. ಹೊತ್ತಾದ್ರೆ ಬಾಗ್ಲಲ್ಲೇ ನಿಂತಿರ್ತಾಳೆ, ಒಳಗೆ ಹೋಗಲ್ಲ ಅವ್ಳು. ಅಲ್ಲಿಗೆ ಬಿಟ್ಟು ಬಿಡ್ತೀಯಾ?"

ಇವರಿಗೆ ನನ್ನನ್ನು ಗೊತ್ತಿಲ್ಲ ಎಂದು ಯಾರು ಹೇಳಿದರು? ಇಷ್ಟು ಚೆನ್ನಾಗಿ ಗೊತ್ತಿದೆ. ನಾನು ಹೊತ್ತಾದರೆ ಬಾಗಿಲಲ್ಲಿ ನಿಲ್ಲುತ್ತಿದ್ದೆ ಎನ್ನುವುದು ನನಗೇ ಮರೆತಿತ್ತು. ಗೊತ್ತಿರುವವಳು ಆರ್.ಟಿ. ನಗರದಲ್ಲಿದ್ದಾಳೆ, ಅವಳಿಗೆ ಬೆನ್ನು ನೋವಿಲ್ಲ, ಮೊಣಕೈ ಕಪ್ಪಾಗಿಲ್ಲ, ಅವಳನ್ನು ಇವರು ಬಾರೇ ಎಂದು ಕರೆಯುತ್ತಾರೆ. ಅವಳ ಮೇಲಿನ ನಿಷ್ಠೆಯಿಂದಲೇ ಇವರು ನನ್ನೆದುರು ಅಂಗಿ ಬಿಚ್ಚುವುದಿಲ್ಲ. ಅವಳ ಮೇಲೆ ನನಗೆ ಹೊಟ್ಟೆ ಉರಿಯಿತು. ಸವತಿ ಮೇಲೆ ಕೂಡ ಹಾಗೆ ಉರಿಯುವುದಿಲ್ಲವೇನೋ, ಸವತಿಯನ್ನಾದರೆ ಕೂದಲು ಹಿಡಿದು ಎಳೆಯಬಹುದು.

ಮಂಜುಶ್ರೀ ಒಳಗೆ ಬಂದು ಗೋಡೆಗೆ ಒರಗಿ ನಿಂತಳು. ಗೆದ್ದವಳ ಮುಖ ಅವಳದಾಗಿರಲಿಲ್ಲ. ನಾನು ಮಣೆಯ ಮುಂದೆ ಕೂತು ಚಾಕು ತೆಗೆದುಕೊಂಡೆ.

"ಅಮ್ಮಾ, ನೀನು ಕುಯ್ಬಾರ್ದಲ್ವಾ? ಚಾಕುಗೆ ಅಪ್ಪನ ಕೈ ಮುಟ್ಟಿಸಿಕೊಂಡು ಬರ್ಲಾ?"

"ಯಾವ ಅಪ್ಪ? ಮನೇಲಿ ಗಂಡಸ್ರಿಲ್ಲ ಅಂತ ಈಗ ತಾನೇ ಹೇಳಿದ್ನಲ್ಲ."

ತೊಟ್ಟಿನ ಸುತ್ತ ಚಾಕು ಊರಿದೆ. ಕಾಯಿ ಗಟ್ಟಿಯಿತ್ತು, ನಾನೇ ಆರಿಸಿ ತಂದದ್ದು. ಎರಡೂ ಕೈಯಲ್ಲಿ ಮೈಭಾರ ಬಿಟ್ಟು ಒತ್ತಿದೆ. ನಮ್ಮತ್ತೆ ಹೇಳಿದ ಯಾವ ಕೇಡೂ ಆಗಲಿಲ್ಲ, ಆಗಲು ಇನ್ನೇನೂ ಉಳಿದಿರಲಿಲ್ಲ. ಮುಚ್ಚಳ ಕಿತ್ತು ಬಂತು. ಬೀಜ, ನಾರು ಕೆರೆದು ತೆಗೆದೆ, ಒಳಗೆಲ್ಲ ಉಪ್ಪು ಸವರಿದೆ, ಅನ್ನ ತುಂಬಿದೆ, ಮುಚ್ಚಳ ಮುಚ್ಚಿದೆ, ಬೇಯುವಾಗ ಒಡೆಯದ ಹಾಗೆ ಬಟ್ಟೆಯಲ್ಲಿ ಕಟ್ಟಿ ಇಡ್ಲಿ ಪಾತ್ರೆಯಲ್ಲಿಟ್ಟೆ. ಯಾಕೆ ಮಾಡಿದೆ ಎಂದು ಕೇಳಬೇಡಿ. ಅನ್ನ ಕಲಸಿಟ್ಟಿದ್ದೆ, ಬಿಸಾಡಲು ಮನಸ್ಸು ಬರಲಿಲ್ಲ. ಕೈ ಸುಮ್ಮನಿದ್ದರೆ ನಾನು ಏನು ಮಾಡಿಕೊಳ್ಳುತ್ತಿದ್ದೆನೋ ನನಗೇ ಗೊತ್ತಿರಲಿಲ್ಲ.

ಬೇಯುವವರೆಗೂ ಇವರು ಬೀಗ ಹಾಕಿದ ಗೇಟಿನ ಹತ್ತಿರ ನಿಂತಿದ್ದರು. ಹೋಗುವವರನ್ನು ಬರುವವರನ್ನು, ಆರ್.ಟಿ. ನಗರದ ಬಸ್ಸು ಎಷ್ಟೊತ್ತಿಗೆ ಎಂದು ಕೇಳುತ್ತಿದ್ದರು. ಒಳಗೆ ಬನ್ನಿ ಎಂದರೆ ಬರಲಿಲ್ಲ. ಬಿಸಿಲು ನೆತ್ತಿಗೇರಿದರೂ ಬರಲಿಲ್ಲ.

"ಅಮ್ಮಾ," ಎಂದಳು ಮಂಜುಶ್ರೀ. "ನಾಳೆ ಬದಲು ಇವತ್ತೇ ಹೋಗೋಣ್ವಾ? ಈಗ ಅವ್ರಾಗೇ ಹೊರಟಿದ್ದಾರೆ. ನಾಳೆ ಎಳೆದುಕೊಂಡು ಹೋಗೋ ಹಂಗಾದ್ರೆ ನನ್ನ ಕೈಲಿ ಆಗಲ್ಲಮ್ಮಾ." ಹೇಳುತ್ತಾ ಅತ್ತುಬಿಟ್ಟಳು.

"ಫೋನ್ ಮಾಡಿ ಕೇಳು," ಎಂದೆ.

ಅವಳು ಫೋನ್ ಮಾಡುತ್ತಿರುವಾಗ ನಾನು ಇವರ ಬಟ್ಟೆ ಜೋಡಿಸಿದೆ. ಬರಬಹುದಂತೆ ಎಂದಳು. ಸ್ವೆಟರ್ ಹುಡುಕಿ ಹಾಕಿದೆ, ಹುಣಸಮಾರನಹಳ್ಳಿಯ ಕಡೆ ಚಳಿ ಜಾಸ್ತಿ.

ಕುಂಬಳಕಾಯಿ ಹದವಾಗಿ ಬೆಂದಿತ್ತು. ಹೋಳು ಮಾಡಿ ತಟ್ಟೆಯಲ್ಲಿಟ್ಟು ವರಾಂಡಕ್ಕೆ ಒಯ್ದೆ. ಇವರು ಮೆಟ್ಟಿಲ ಮೇಲೆ ಕೂತು, ತಟ್ಟೆಯನ್ನು ಮೊಣಕಾಲ ಮೇಲಿಟ್ಟುಕೊಂಡು ಒಂದು ಅಗುಳೂ ಬಿಡದೆ ತಿಂದರು. ಎಷ್ಟೋ ದಿನಗಳಿಂದ ಊಟ ಬಾಯಲ್ಲಿಟ್ಟುಕೊಂಡು ನುಂಗುವುದನ್ನೇ ಮರೆಯುತ್ತಿದ್ದವರು.

"ನಮ್ಮ ಪಕ್ಕದ್ಮನೆ ಬದರುನ್ನೀಸಾ ಕೂಡ ಇದನ್ನ ಮಾಡ್ತಾಳೆ," ಎಂದರು. "ನಮ್ಮವಳೂ ಕಲಿತ್ಕೊಂಡಿದ್ದಾಳೆ. ಅವ್ಳ ಕೈ ಉಪ್ಪಿಗೆ ಸ್ವಲ್ಪ ಮುಂದು. ಹೇಳಂಗಿಲ್ಲ, ಹೇಳಿದ್ರೆ ಎರಡು ದಿನ ಮಾತಿಲ್ಲ." ಹೇಳಿ ಒಬ್ಬರೇ ನಕ್ಕರು. ನನಗೆ ಇದುವರೆಗೂ ಯಾರೂ ಹೇಳಿರಲಿಲ್ಲ, ನನ್ನ ಕೈ ಉಪ್ಪಿಗೆ ಮುಂದು ಎಂದು.

"ಇವತ್ತು ಸರಿಯಾಗಿದ್ಯಾ?" ಎಂದು ಕೇಳಿದೆ.

"ನೀವು ಚೆನ್ನಾಗಿ ಮಾಡಿದ್ದೀರಿ." ಆಮೇಲೆ ಬಹಳ ಸಂಕೋಚದಿಂದ, ತಟ್ಟೆಯನ್ನೇ ನೋಡುತ್ತಾ, "ಒಂಚೂರು ಮಿಕ್ಕಿದ್ರೆ ಕೊಡ್ತೀರಾ? ಶಾಂತಾಗೆ. ಅವ್ಳಿಗೆ ಇದು ಅಂದ್ರೆ ಪ್ರಾಣ," ಎಂದರು.

ಒಳಗೆ ಹೋಗಿ ಸ್ಟೀಲ್ ಡಬ್ಬಿಗೆ ದೊಡ್ಡ ಹೋಳು ಹಾಕಿದೆ. ಮೇಲೆ ಅನ್ನ ಒತ್ತಿ ತುಂಬಿದೆ. ಮುಚ್ಚಳ ಹಾಕುವಾಗ ಅಡುಗೆಮನೆಯ ಕಟ್ಟೆ ಹಿಡಿದುಕೊಂಡು ಅತ್ತೆ, ಸದ್ದಾಗದ ಹಾಗೆ ಸೆರಗು ಬಾಯಿಗೆ ತುರುಕಿಕೊಂಡು ಅತ್ತೆ. ಆ ಡಬ್ಬಿಯನ್ನು ಯಾರೂ ತೆಗೆಯುವುದಿಲ್ಲ, ಯಾವ ಬಾಗಿಲಲ್ಲೂ ಯಾರೂ ನಿಂತಿಲ್ಲ. ಇವರನ್ನು ಇಳಿಸುವ ಜಾಗದಲ್ಲಿ ಹಸಿರು ಬಣ್ಣ ಬಳಿದ ಗೋಡೆ, ಸಾಲಾಗಿ ಹಾಕಿದ ಮಂಚಗಳು, ಮಂಜುಶ್ರೀ ಫೋಟೋ ತೋರಿಸಿದ್ದಳು.

ಗೇಟಿನ ಬೀಗ ತೆಗೆದೆವು. ಮಗಳು ಕಾರು ಮುಂದಕ್ಕೆ ತಂದಳು. "ಮನೆಗೆ ಬಿಡ್ತೀನಿ ಬನ್ನಿ ಅಪ್ಪಾ," ಎಂದಾಗ ಇವರು ಮಗುವಿನ ಹಾಗೆ ಓಡಿ ಹತ್ತಿದರು. ನಾನೂ ಹಿಂದಿನ ಸೀಟಿಗೆ ಹತ್ತಲು ಹೋದೆ.

"ನೀವು ಯಾಕಮ್ಮಾ?" ಇವರು ಗಾಬರಿಯಾಗಿ ಕೈ ಅಡ್ಡ ಹಿಡಿದರು. "ಮನೆ ಬಿಟ್ಟು ಬರ್ಬೇಡಿ. ಯಜಮಾನ್ರು ಬಂದ್ರೆ ಬೀಗ ನೋಡಿ ಏನಂದ್ಕೋತಾರೆ?"

ಮಗಳು ಸ್ಟೀರಿಂಗ್ ಮೇಲೆ ತಲೆ ಇಟ್ಟಳು. ನಾನು ಕೆಳಗಿಳಿದೆ. ಡಬ್ಬಿಯನ್ನು ಇವರ ತೊಡೆಯ ಮೇಲಿಟ್ಟೆ. ಬಿಸಿಯಿತ್ತು, ಪಂಚೆಯ ತುದಿ ಮಡಚಿ ಅದರ ಕೆಳಗೆ ಸೇರಿಸಿದೆ. ಇವರು ಎರಡೂ ಕೈಯಿಂದ ಅದನ್ನು ಹಿಡಿದುಕೊಂಡು, ತೂಕ ನೋಡಿ, ಮುಖ ಸಪ್ಪಗೆ ಮಾಡಿದರು.

"ಎಲ್ಲಾ ನಮಗೇ ಕೊಟ್ಬಿಟ್ರೆ ಹೆಂಗಮ್ಮಾ? ನಿಮ್ಮ ಯಜಮಾನ್ರಿಗೆ ಇಟ್ಟಿದ್ದೀರಿ ತಾನೇ?"

"ಅವ್ರದು ಊಟ ಆಯ್ತು," ಎಂದು ಹೇಳಿ ಕಾರಿನ ಬಾಗಿಲು ಹಾಕಿದೆ.